ಮೊದಲು ಶಾಖ, ಆಮೇಲೆ ಊಟ

ನೀರಾಮೆಯ ಹೊಟ್ಟೆಪಾಡು: ಓದುಗರ ಪ್ರಶ್ನೆ, ಪಶುವೈದ್ಯರ ಉತ್ತರ

ಹಸು, ಎಮ್ಮೆ, ಕುರಿ, ಕೋಳಿ, ಹೆಚ್ಚೆಂದರೆ ನಾಯಿ. ಹಾಸನ ಸೀಮೆಯಿಂದ ಈ ಅಂಕಣಕ್ಕೆ ಬರುವ ಪತ್ರಗಳು ಸಾಮಾನ್ಯವಾಗಿ ಇಷ್ಟರೊಳಗೇ ಮುಗಿಯುತ್ತವೆ. ಈ ಸಲ ಆಮೆಗಳ ಸರದಿ. ಬೆಂಗಳೂರಿಗೆ ಹೋಗಿಬಂದ ಮಕ್ಕಳು ಡಬ್ಬಿಯಲ್ಲಿ ಹಾಕಿಕೊಂಡು ತಂದದ್ದು, ಗೃಹಪ್ರವೇಶಕ್ಕೆ ಯಾರೋ ‘ಲಕ್ಕಿ ಆಮೆ’ ಎಂದು ಕೊಟ್ಟುಹೋದದ್ದು, ಹೀಗೆ ಒಂದೊಂದು ಆಮೆಗೆ ಒಂದೊಂದು ಕಥೆ. ಆದರೆ ವಿವರ ನೋಡಿದರೆ ಹೆಚ್ಚುಕಡಿಮೆ ಎಲ್ಲವೂ ಒಂದೇ ಜಾತಿಯವು: ಹಸಿರು ಚಿಪ್ಪು, ಕಣ್ಣಿನ ಹಿಂದೆ ಕೆಂಪು ಪಟ್ಟೆ. ಇದು ಅಮೆರಿಕದ ಮಿಸಿಸಿಪ್ಪಿ ನದಿಯ ಕಡೆಯ ರೆಡ್ ಇಯರ್ಡ್ ಸ್ಲೈಡರ್. ತರುವಾಗ ಎರಡು ರೂಪಾಯಿ ನಾಣ್ಯಕ್ಕಿಂತ ಸ್ವಲ್ಪ ದೊಡ್ಡದಿರುತ್ತದೆ. ಹೆಣ್ಣಾದರೆ ಒಂದು ಅಡಿಯವರೆಗೂ ಬೆಳೆಯಬಹುದು, ಚೆನ್ನಾಗಿ ನೋಡಿಕೊಂಡರೆ 30 ವರ್ಷ ಬದುಕುತ್ತದೆ. ಅಂಗಡಿಯವರು ಈ ಎರಡು ಮಾತನ್ನು ಹೇಳುವುದಿಲ್ಲ. ಹೇಳಿದರೆ ವ್ಯಾಪಾರವಾಗುವುದಿಲ್ಲ.

ಡಾಕ್ಟ್ರೇ, ನಮ್ಮ ಮನೆ ಗೊರೂರಿನಲ್ಲಿ, ಅಣೆಕಟ್ಟೆಗೆ ಹತ್ತಿರ. ಮಗಳು ತಂದ ಆಮೆ ಈಗ ಅಂಗೈಯಗಲ ಆಗಿದೆ. ಚಳಿ ಶುರುವಾದಾಗಿನಿಂದ ಊಟ ಬಿಟ್ಟಿದೆ. ಹಾಕಿದ ಕಾಳು ನೀರಲ್ಲೇ ಕೊಳೆಯುತ್ತೆ. ನೆನ್ನೆಯಿಂದ ಒಂದು ಪಕ್ಕಕ್ಕೆ ವಾಲಿಕೊಂಡು ತೇಲ್ತಾ ಇದೆ. ಹೊಟ್ಟೇಲಿ ವಾಯು ತುಂಬಿದೆ, ಓಮದ ನೀರು ಕುಡಿಸೋಣ ಅಂತಾರೆ ನಮ್ಮತ್ತೆ. ಕುಡಿಸಬಹುದಾ?
*ಗೃಹಿಣಿ, ಗೊರೂರು*

ನಿಮ್ಮ ಅತ್ತೆಯವರ ಊಹೆ ಅರ್ಧ ಸರಿ, ಮದ್ದು ಮಾತ್ರ ಬೇಡ. ಆಮೆಯ ನಾಲಿಗೆಯ ಬುಡದಲ್ಲೇ ಶ್ವಾಸನಾಳದ ಬಾಯಿ ಇದೆ. ನಾವು ಒತ್ತಾಯದಿಂದ ಬಾಯಿ ತೆರೆದು ಏನನ್ನು ಸುರಿದರೂ ಹೊಟ್ಟೆಗೆ ಹೋಗುವುದರ ಬದಲು ಪುಪ್ಪುಸಕ್ಕೆ ಇಳಿಯುವ ಸಂಭವವೇ ಹೆಚ್ಚು. ಓಮದ ನೀರು, ಬಜೆ ತೇದದ್ದು, ಗ್ರೈಪ್ ವಾಟರ್ ಯಾವುದೂ ಬೇಡ.

ಈಗ ಮೂಲಕ್ಕೆ ಬರೋಣ. ನಮ್ಮ ಮೈಶಾಖ ನಮ್ಮೊಳಗೇ ಹುಟ್ಟುತ್ತದೆ, ಆಮೆ ಅದನ್ನು ಹೊರಗಿನಿಂದ ಪಡೆಯಬೇಕು. ಆಹಾರ ಕರಗಿಸುವ ರಸಗಳು, ಕರುಳಿನ ಚಲನೆ, ಕರುಳಿನಲ್ಲಿರುವ ಒಳ್ಳೆಯ ಸೂಕ್ಷ್ಮಾಣುಗಳು, ಎಲ್ಲವೂ ನೀರಿನ ಶಾಖ ನೋಡಿಕೊಂಡೇ ಕೆಲಸ ಮಾಡುತ್ತವೆ. ಈ ಜಾತಿಗೆ ನೀರು 24ರಿಂದ 28 ಡಿಗ್ರಿ ಸೆಲ್ಸಿಯಸ್ ಇರಬೇಕು, ಮೈ ಕಾಯಿಸಿಕೊಳ್ಳುವ ಜಾಗ 30ರ ಮೇಲಿರಬೇಕು. ನೀರು 20ಕ್ಕಿಂತ ಕೆಳಗಿಳಿದರೆ ಅದು ತಾನಾಗಿಯೇ ತಿನ್ನುವುದನ್ನು ಕಡಿಮೆ ಮಾಡುತ್ತದೆ, ಆಮೇಲೆ ನಿಲ್ಲಿಸಿಯೇ ಬಿಡುತ್ತದೆ. ಅದು ರೋಗವಲ್ಲ, ವಿವೇಕ. ತಣ್ಣಗಿರುವ ಹೊಟ್ಟೆಗೆ ಊಟ ಹಾಕುವುದು ಒಲೆ ಹಚ್ಚದೆ ಪಾತ್ರೆಗೆ ಅಕ್ಕಿ ಸುರಿದ ಹಾಗೆ. ಒಳಗಿದ್ದದ್ದು ಬೇಯುವುದಿಲ್ಲ, ಕೊಳೆಯುತ್ತದೆ, ವಾಯು ಏಳುತ್ತದೆ.

ಹಾಸನ ಸೀಮೆ ಸಮುದ್ರಮಟ್ಟದಿಂದ 900 ಮೀಟರಿಗೂ ಮೇಲಿದೆ. ಡಿಸೆಂಬರ್, ಜನವರಿಯ ರಾತ್ರಿ 15 ಡಿಗ್ರಿ ಆಗುವುದು ನಮ್ಮಲ್ಲಿ ಹೊಸದಲ್ಲ. ಹೇಮಾವತಿ ಹಿನ್ನೀರಿನ ಕಡೆಯಿಂದ ಗಾಳಿ ಬೀಸುವ ಗೊರೂರಿನ ಮನೆಯ ಜಗುಲಿಯಲ್ಲಿ ಗಾಜಿನ ತೊಟ್ಟಿ ಇಟ್ಟಿದ್ದರೆ ಬೆಳಗಿನ ಜಾವ ಅದರ ನೀರು ಎಷ್ಟು ತಣ್ಣಗಿರುತ್ತದೆ, ಕೈ ಇಟ್ಟು ನೋಡಿ. ಕೈಯನ್ನೂ ಪೂರ್ತಿ ನಂಬಬೇಡಿ, ಮೀನಿನ ಅಂಗಡಿಯಲ್ಲಿ ಸಿಗುವ ಥರ್ಮಾಮೀಟರ್ ತನ್ನಿ. ಜೊತೆಗೆ ಅಕ್ವೇರಿಯಂ ಹೀಟರ್, ಲೀಟರಿಗೆ ಸುಮಾರು ಒಂದು ವ್ಯಾಟಿನ ಲೆಕ್ಕದಲ್ಲಿ. 50 ಲೀಟರ್ ನೀರಿಗೆ 50 ವ್ಯಾಟ್ ಸಾಕು. ಗಾಜಿನ ಹೀಟರನ್ನು ಆಮೆ ಗುದ್ದಿ ಒಡೆಯುತ್ತದೆ, ಪ್ಲಾಸ್ಟಿಕ್ ಕವಚ ಇರುವುದನ್ನೇ ಕೇಳಿ. ನೀರಿಗೆ ಕೈ ಹಾಕುವ ಮೊದಲು ಪ್ಲಗ್ ಕಿತ್ತಿಡಿ. ನೀರನ್ನು ಒಂದೇ ಸಲಕ್ಕೆ ಬಿಸಿ ಮಾಡಬೇಡಿ, ದಿನಕ್ಕೆ ಎರಡು ಮೂರು ಡಿಗ್ರಿಯಂತೆ ಏರಿಸಿ. ಅಷ್ಟು ದಿನ ಊಟ ಹಾಕಲೇಬೇಡಿ. ಅಂಗೈಯಗಲದ ಆಮೆ ವಾರ ಹತ್ತು ದಿನ ಉಪವಾಸ ಇದ್ದರೆ ಸಾಯುವುದಿಲ್ಲ.

ಇನ್ನು ವಾಲಿಕೊಂಡು ತೇಲುವ ವಿಷಯ. ಈ ಪತ್ರದಲ್ಲಿ ನನಗೆ ಆತಂಕ ಹುಟ್ಟಿಸಿದ ಸಾಲು ಇದೇ. ವಾಯು ತುಂಬಿದರೂ ಆಮೆ ವಾಲಬಹುದು, ನ್ಯುಮೋನಿಯಾ ಆದರೂ ವಾಲಬಹುದು. ಆಮೆಯ ಪುಪ್ಪುಸಗಳು ಚಿಪ್ಪಿನ ಒಳಮೈಗೆ ಅಂಟಿದಂತೆ, ಎಡಕ್ಕೊಂದು ಬಲಕ್ಕೊಂದು ಇರುತ್ತವೆ. ಒಂದರಲ್ಲಿ ಕೀವು, ನೀರು ತುಂಬಿದರೆ ಆ ಪಕ್ಕ ಭಾರವಾಗಿ ಮುಳುಗುತ್ತದೆ. ಮೂಗಿನಲ್ಲಿ ಗುಳ್ಳೆ ಬರುತ್ತಿದೆಯೇ, ಕತ್ತು ಮೇಲೆತ್ತಿ ಬಾಯಿ ಬಿಡುತ್ತಿದೆಯೇ, ಉಸಿರಿನಲ್ಲಿ ಸಿಳ್ಳೆಯಂಥ ಸದ್ದಿದೆಯೇ ನೋಡಿ. ಇವುಗಳಲ್ಲಿ ಒಂದಿದ್ದರೂ ಶಾಖ ಏರಲಿ ಎಂದು ಕಾಯಬೇಡಿ, ಹಾಸನದ ಪಶುವೈದ್ಯಕೀಯ ಕಾಲೇಜಿಗೆ ಕರೆದೊಯ್ಯಿರಿ. ತಾಲ್ಲೂಕಿನಲ್ಲಿರುವ ನನ್ನ ಕಿರಿಯ ಸಹೋದ್ಯೋಗಿಗಳಿಗೂ ಒಂದು ಮಾತು: ಆಮೆಗೆ ಚುಚ್ಚುಮದ್ದು ಮುಂಗಾಲಿಗೆ ಹಾಕಿ. ಹಿಂಗಾಲಿನ ರಕ್ತ ಮೊದಲು ಮೂತ್ರಪಿಂಡದ ಹಾದಿ ಹಿಡಿಯಬಹುದು.

ಸರ್, ನಾವು ಆಮೆಗೆ ಅಂಗಡಿಯಲ್ಲಿ ಕೊಟ್ಟ ಒಣ ಸೀಗಡಿ ಹಾಕುತ್ತಿದ್ದೇವೆ. ಖಾಲಿಯಾದರೆ ಅನ್ನ, ಬ್ರೆಡ್, ಕಡ್ಲೆಪುರಿ. ಮಗ ಆಗಾಗ ಹಾಲಿನಲ್ಲಿ ನೆನೆಸಿದ ಬಿಸ್ಕತ್ತನ್ನೂ ಕೊಡುತ್ತಾನೆ. ಎಲ್ಲವನ್ನೂ ತಿನ್ನುತ್ತದೆ. ಆದರೆ ಮಲ ತೆಳ್ಳಗೆ, ಕೆಟ್ಟ ವಾಸನೆ. ಈಗ ಎರಡು ಕಣ್ಣೂ ಊದಿ ಮುಚ್ಚಿಕೊಂಡಿವೆ. ಕಣ್ಣಿಗೆ ಯಾವ ಡ್ರಾಪ್ಸ್ ಹಾಕಬೇಕು?
*ಅಂಗಡಿ ಮಾಲೀಕರು, ಹೊಳೆನರಸೀಪುರ*

ಕಣ್ಣಿಗಲ್ಲ ಸ್ವಾಮಿ, ತಟ್ಟೆಗೆ ಮದ್ದು ಬೇಕು. ಒಣ ಸೀಗಡಿ ಆಮೆಗೆ ಬಲು ಇಷ್ಟ, ಆದರೆ ಅದರಲ್ಲಿ ವಿಟಮಿನ್ ‘ಎ’ ಇಲ್ಲವೆಂದೇ ಹೇಳಬೇಕು. ತಿಂಗಳುಗಟ್ಟಲೆ ಅದನ್ನೇ ತಿಂದ ಆಮೆಯ ಕಣ್ಣು, ಮೂಗು, ಶ್ವಾಸನಾಳ, ಕರುಳು ಎಲ್ಲದರ ಒಳಪದರವೂ ಒರಟಾಗುತ್ತದೆ, ಸೋಂಕು ಸುಲಭವಾಗಿ ಹಿಡಿಯುತ್ತದೆ. ಕಣ್ಣು ಊದಿದ ಆಮೆಗೆ ಊಟ ಕಾಣುವುದಿಲ್ಲ, ಕಾಣದ್ದನ್ನು ಅದು ತಿನ್ನುವುದಿಲ್ಲ. ಹಾಗೆಂದು ಮೆಡಿಕಲ್ ಶಾಪಿನಿಂದ ವಿಟಮಿನ್ ‘ಎ’ ಇಂಜೆಕ್ಷನ್ ತರಿಸಿ ಹಾಕಿಸಬೇಡಿ. ಪ್ರಮಾಣ ಮೀರಿದರೆ ಚರ್ಮ ಸುಲಿದು ಬರುತ್ತದೆ. ತೂಕ ಹಾಕಿ, ಲೆಕ್ಕ ಮಾಡಿ ವೈದ್ಯರೇ ಕೊಡಬೇಕು.

ಬ್ರೆಡ್, ಬಿಸ್ಕತ್ತು, ಪುರಿ ಇಂದೇ ನಿಲ್ಲಲಿ. ಹಾಲು ಜೀರ್ಣಿಸುವ ಶಕ್ತಿ ಯಾವ ಆಮೆಗೂ ಇಲ್ಲ, ಕುಡಿದ ಹಾಲು ಕರುಳಿನಲ್ಲಿ ಹುಳಿಯುತ್ತದೆ. ತೆಳ್ಳಗಿನ ಮಲಕ್ಕೆ ಬಹುಶಃ ಅದೇ ಕಾರಣ. ತಿನ್ನುತ್ತದಲ್ಲ ಎನ್ನುವುದು ಸಮರ್ಥನೆಯಾಗದು. ಈ ಜಾತಿ ಸಿಕ್ಕಿದ್ದನ್ನೆಲ್ಲ ತಿನ್ನುತ್ತದೆ, ಹಾಕಿದರೆ ಥರ್ಮೋಕೋಲನ್ನೂ ಕಚ್ಚುತ್ತದೆ.

ಹಾಗಾದರೆ ಏನು ಹಾಕಬೇಕು? ಮರಿ ಮಾಂಸಾಹಾರಿ, ದೊಡ್ಡದಾಗುತ್ತ ಅರ್ಧಕ್ಕರ್ಧ ಸೊಪ್ಪು ತಿನ್ನುವ ಪ್ರಾಣಿ. ಚಿಪ್ಪು ನಾಲ್ಕಂಗುಲ ದಾಟಿದ ಮೇಲೆ ತಟ್ಟೆಯಲ್ಲಿ ಸೊಪ್ಪೇ ಹೆಚ್ಚಿರಬೇಕು. ನಿಮ್ಮ ಕಡೆ ಇದಕ್ಕೆ ಕಾಸು ಖರ್ಚಿಲ್ಲ. ಹಸುವಿಗೆಂದು ಅಜೋಲಾ ಬೆಳೆಯುವವರು ಪಕ್ಕದಲ್ಲೇ ಇರುತ್ತಾರೆ, ಒಂದು ಹಿಡಿ ತಂದು ತೊಳೆದು ತೇಲಿಬಿಡಿ. ಹೊನಗೊನ್ನೆ, ಒಂದೆಲಗ, ನುಗ್ಗೆಸೊಪ್ಪು ಸರದಿಯಂತೆ ಕೊಡಿ. ತುರಿದ ಸಿಹಿಗುಂಬಳ, ಕ್ಯಾರೆಟ್ಟಿನಲ್ಲಿ ವಿಟಮಿನ್ ‘ಎ’ಯ ಮೂಲಸಾಮಗ್ರಿಯೂ ಇದೆ, ನಾರೂ ಇದೆ. ಪಾಲಕ್, ದಂಟಿನ ಸೊಪ್ಪನ್ನು ದಿನಾ ಹಾಕಬಾರದು. ಅವುಗಳ ಆಕ್ಸಲೇಟ್ ಸುಣ್ಣದಂಶವನ್ನು ಕಟ್ಟಿಹಾಕುತ್ತದೆ. ಎಲೆಕೋಸೂ ಅಪರೂಪಕ್ಕೆ ಸಾಕು. ಮಾಂಸದ ಪಾಲಿಗೆ ಎರೆಹುಳು ಬಹಳ ಒಳ್ಳೆಯದು, ಗೊಬ್ಬರಗುಂಡಿಯಿಂದ ತಂದರೆ ಔಷಧಿ ಸಿಂಪಡಿಸಿದ ಜಾಗವಲ್ಲ ಎಂದು ಖಾತ್ರಿ ಮಾಡಿಕೊಳ್ಳಿ. ಮುಳ್ಳು ಸಮೇತ ಸಣ್ಣ ಮೀನು ವಾರಕ್ಕೊಮ್ಮೆ. ಆದರೆ ಕೆರೆಮೀನನ್ನೇ ಮೂರು ಹೊತ್ತೂ ಹಾಕಬೇಡಿ. ಗೆಂಡೆಯ ಜಾತಿಯ ಮೀನುಗಳಲ್ಲಿ ವಿಟಮಿನ್ ‘ಬಿ1’ ಅನ್ನು ನಾಶಮಾಡುವ ಅಂಶವಿದೆ. ಒಳ್ಳೆಯ ಕಂಪನಿಯ ಆಮೆ ಪೆಲೆಟ್ ಸಿಕ್ಕರೆ ಅದೂ ಇರಲಿ, ಅದೊಂದೇ ಬೇಡ.

ಎಷ್ಟು? ಒಂದು ಹೊತ್ತಿಗೆ ಪೆಲೆಟ್ಟೋ ಮಾಂಸವೋ ಅದರ ತಲೆಯಷ್ಟು ಗಾತ್ರ ಸಾಕು. ಮರಿಗೆ ದಿನಾ, ದೊಡ್ಡದಕ್ಕೆ ವಾರಕ್ಕೆ ಎರಡು ಮೂರು ಸಲ. ಸೊಪ್ಪು ಮಾತ್ರ ಯಾವಾಗಲೂ ಇರಲಿ. ಬೇರೆ ಟಬ್ಬಿನಲ್ಲಿ ಊಟ ಮಾಡಿಸಿ, ಅರ್ಧ ಗಂಟೆ ಬಿಟ್ಟು ಮರಳಿ ತೊಟ್ಟಿಗೆ ಹಾಕುವ ಅಭ್ಯಾಸ ಮಾಡಿಕೊಂಡರೆ ನೀರು ಕೆಡುವುದು ಎಷ್ಟೋ ಕಡಿಮೆಯಾಗುತ್ತದೆ. ಅದೇ ಟಬ್ಬಿನಲ್ಲಿ ಕಕ್ಕವನ್ನೂ ಮಾಡಿದರೆ ನಿಮಗೆ ಪರೀಕ್ಷೆಗೂ ಸುಲಭ: ಕಂದು ಬಣ್ಣ, ಆಕಾರ ಇದ್ದರೆ ಸರಿ.

ಬಿಸಿಲಿನ ಮಾತು ಬಿಟ್ಟರೆ ಈ ಉತ್ತರ ಪೂರ್ತಿಯಾಗದು. ಎಷ್ಟೇ ಸುಣ್ಣದಂಶ ತಿನ್ನಿಸಿದರೂ ಅದನ್ನು ಕರುಳು ಹೀರಿಕೊಳ್ಳಲು ವಿಟಮಿನ್ ‘ಡಿ3’ ಬೇಕು, ಅದು ನೇರ ಬಿಸಿಲಿನಿಂದ ಬರುತ್ತದೆ. ಕಿಟಕಿಯ ಗಾಜಿನ ಮೂಲಕ ಬರುವ ಬಿಸಿಲಿನಲ್ಲಿ ಅದನ್ನು ಹುಟ್ಟಿಸುವ ಕಿರಣ ಇರುವುದಿಲ್ಲ, ಗಾಜು ಅದನ್ನು ತಡೆಯುತ್ತದೆ. ಬೆಳಗ್ಗೆ ಅಂಗಳದಲ್ಲಿ, ಅರ್ಧ ನೆರಳಿರುವ ಅಗಲ ಟಬ್ಬಿನಲ್ಲಿ ಬಿಡಿ. ಗಾಜಿನ ತೊಟ್ಟಿಯನ್ನೇ ಬಿಸಿಲಿಗೆ ಎಳೆದರೆ ಆಮೆ ಬೆಂದುಹೋಗುತ್ತದೆ.

ಅಕ್ವೇರಿಯಂ ಚೆಂದ ಕಾಣಲಿ ಅಂತ ಹೊಳೆಯಿಂದ ಮರಳು, ಬೆಣಚುಕಲ್ಲಿನ ಚೂರು ತಂದು ಹಾಕಿದ್ದೆ. ಒಂದು ವಾರದಿಂದ ಆಮೆ ಕಕ್ಕ ಮಾಡಿಲ್ಲ. ಹಿಂಗಾಲಿನಿಂದ ಕಲ್ಲುಗಳನ್ನು ಕೆರೆಯುತ್ತಾ ಒದ್ದಾಡುತ್ತೆ. ಮಲಬದ್ಧತೆಗೆ ಹರಳೆಣ್ಣೆ ಕೊಡಬಹುದಾ?
*ಐಟಿಐ ವಿದ್ಯಾರ್ಥಿ, ಅರಕಲಗೂಡು*

ಹರಳೆಣ್ಣೆ ಬೇಡಪ್ಪ. ಕಾರಣ ಮೊದಲ ಪತ್ರದ ಉತ್ತರದಲ್ಲಿ ಹೇಳಿದ್ದೇನೆ, ಬಾಯಿಗೆ ಸುರಿದ ಎಣ್ಣೆ ಪುಪ್ಪುಸಕ್ಕೆ ಇಳಿದರೆ ಹೊರಗೆ ತೆಗೆಯುವ ದಾರಿಯೇ ಇಲ್ಲ.

ಅಗಲವಾದ ಬೇಸಿನ್ನಿನಲ್ಲಿ 28ರಿಂದ 30 ಡಿಗ್ರಿಯ ಉಗುರುಬೆಚ್ಚಗಿನ ನೀರು ಹಾಕು, ಆಮೆಯ ಗಲ್ಲದವರೆಗೆ ಮಾತ್ರ. ಇಪ್ಪತ್ತು ಮೂವತ್ತು ನಿಮಿಷ ಅದರಲ್ಲಿ ನಡೆದಾಡಲಿ, ನೀರು ಆರಿದರೆ ಬದಲಿಸು. ಎಷ್ಟೋ ಆಮೆಗಳು ಆ ಬೇಸಿನ್ನಿನಲ್ಲೇ ಕೆಲಸ ಮುಗಿಸುತ್ತವೆ. ಹಿಕ್ಕೆಯಲ್ಲಿ ಮರಳು, ಕಲ್ಲಿನ ಚೂರು ಕಂಡರೆ ತೊಟ್ಟಿಯಲ್ಲಿರುವ ಕಲ್ಲನ್ನೆಲ್ಲ ಅವತ್ತೇ ತೆಗೆ. ಆಮೆಯ ತಲೆಗಿಂತ ದೊಡ್ಡ ಕಲ್ಲು ಇರಬಹುದು, ಚಿಕ್ಕದು ಒಂದೂ ಇರಬಾರದು. ಸುಣ್ಣದಂಶ ಕಡಿಮೆಯಾದ ಆಮೆ ಬೇಕೆಂದೇ ಕಲ್ಲು ತಿನ್ನುವುದುಂಟು, ಅದಕ್ಕೆ ಗಿಳಿಗೆ ಹಾಕುವ ಕಟಲ್ ಬೋನಿನ ತುಂಡೊಂದನ್ನು ನೀರಿನಲ್ಲಿ ತೇಲಿಬಿಡು.

ಆದರೆ ನಿನ್ನ ಪತ್ರದಲ್ಲಿ ಇನ್ನೊಂದು ಸುಳಿವಿದೆ. ಹಿಂಗಾಲಿನಿಂದ ಕೆರೆಯುವುದು, ಒದ್ದಾಟ, ಇವು ಮೊಟ್ಟೆ ಕಟ್ಟಿದ ಹೆಣ್ಣಿನ ಲಕ್ಷಣವೂ ಹೌದು. ಮುಂಗಾಲಿನ ಉಗುರು ನೋಡು. ಉದ್ದುದ್ದ ಇದ್ದರೆ ಗಂಡು, ಮೊಂಡಾಗಿದ್ದು ಆಮೆ ದೊಡ್ಡದಿದ್ದರೆ ಹೆಣ್ಣು. ಗಂಡಿನ ಸಂಗವಿಲ್ಲದೆಯೂ ಹೆಣ್ಣಾಮೆಗೆ ಮೊಟ್ಟೆ ಕಟ್ಟುತ್ತದೆ. ನೀರಿನಲ್ಲಿ ಇಡಲು ಅದಕ್ಕೆ ಮನಸ್ಸಿಲ್ಲ, ಮಣ್ಣು ಬೇಕು. ಒಂದು ದೊಡ್ಡ ಟಬ್ಬಿಗೆ ಅರ್ಧ ಅಡಿ ಹಸಿಮಣ್ಣು, ಮರಳು ಬೆರೆಸಿ ಹಾಕಿ ಅದರಲ್ಲಿ ಬಿಡು. ಇಡದಿದ್ದರೆ ಎಕ್ಸ್-ರೇ ತೆಗೆಸಬೇಕು. ಕಲ್ಲೋ ಮೊಟ್ಟೆಯೋ ಎಂಬುದು ಒಂದೇ ಫಿಲ್ಮಿನಲ್ಲಿ ಗೊತ್ತಾಗುತ್ತದೆ. ಗೊತ್ತಾಗುವ ಮೊದಲೇ ಭೇದಿಗೆ ಕೊಟ್ಟರೆ ಮೊಟ್ಟೆ ಒಳಗೇ ಒಡೆದು ಪ್ರಾಣಕ್ಕೇ ಬರುತ್ತದೆ.

ಸ್ನಾನ ಮಾಡಿಸುವಾಗ ಆಮೆಯ ಬಾಲದ ಹತ್ತಿರ ಕಪ್ಪಗೆ, ನೇರಳೆ ಬಣ್ಣದ ಮಾಂಸ ಹೊರಗೆ ಬಂತು. ಕರುಳೇ ಹೊರಬಂತು ಅಂತ ಹೆದರಿದೆವು. ಐದು ನಿಮಿಷದಲ್ಲಿ ಒಳಗೆ ಹೋಯಿತು. ಆಪರೇಷನ್ ಬೇಕಾ?
*ಚನ್ನರಾಯಪಟ್ಟಣ*

ಬೇಡ. ನಿಮ್ಮ ಆಮೆ ಗಂಡು, ಹೊರಬಂದದ್ದು ಅದರ ಜನನಾಂಗ. ಉಗುರುಬೆಚ್ಚಗಿನ ನೀರಿನಲ್ಲಿ ಹೀಗೆ ಹೊರಚಾಚುವುದು ಸಹಜ. ಮಕ್ಕಳು ಕೇಳಿದರೆ ನಿಮಗೆ ತೋಚಿದ್ದನ್ನು ಹೇಳಿ.

ಆದರೆ ಗುಲಾಬಿ ಅಥವಾ ಕೆಂಪು ಬಣ್ಣದ ಕೊಳವೆಯಂಥದ್ದು ಬಂದು ಒಂದು ಗಂಟೆಯಾದರೂ ಒಳಹೋಗದಿದ್ದರೆ ಅದು ಕರುಳಿನ ಭಾಗವೇ ಇರಬಹುದು, ಗಂಡಿನ ಅಂಗವೂ ಹಾಗೆಯೇ ಸಿಕ್ಕಿಕೊಂಡಿರಬಹುದು. ಮುಕ್ಕಿ ಮುಕ್ಕಿ, ಇಲ್ಲವೇ ಹುಳುವಿನ ಬಾಧೆಯಿಂದ ಹಾಗಾಗುತ್ತದೆ. ಬೆರಳಿನಿಂದ ಒಳಗೆ ತಳ್ಳಬೇಡಿ. ಜೊತೆಯ ಆಮೆ ಕಚ್ಚದಂತೆ ಬೇರೆ ಮಾಡಿ, ಸಕ್ಕರೆ ಕರಗಿಸಿದ ನೀರಿನಲ್ಲಿ ಅದ್ದಿದ ಶುಭ್ರ ಬಟ್ಟೆ ಸುತ್ತಿ, ಒಣಗದಂತೆ ನೋಡಿಕೊಂಡು ಆಸ್ಪತ್ರೆಗೆ ಹೊರಡಿ. ಸಕ್ಕರೆ ಊತವನ್ನು ಎಳೆಯುತ್ತದೆ.

ನಮ್ದು ಹೈನುಗಾರಿಕೆ. ಆಮೆ ಕಕ್ಕದಲ್ಲಿ ದಾರದಂಥ ಬಿಳಿ ಹುಳು ಕಂಡವು. ಹಸುಗಳ ಜಂತುಹುಳ, ಉಣ್ಣೆಗೆ ತಂದಿದ್ದ ಐವರ್‌ಮೆಕ್ಟಿನ್ ಬಾಟಲಿ ಮನೇಲೇ ಇದೆ. ಆಮೆಗೆ ಎಷ್ಟು ಹನಿ ಹಾಕಬೇಕು?
*ರೈತರು, ಚನ್ನರಾಯಪಟ್ಟಣ ತಾಲ್ಲೂಕು*

ಒಂದು ಹನಿಯೂ ಬೇಡ. ಈ ಪುಟದಲ್ಲಿ ಬೇರೆ ಏನನ್ನು ಮರೆತರೂ ಇದನ್ನು ಮರೆಯಬೇಡಿ: ಐವರ್‌ಮೆಕ್ಟಿನ್ ಆಮೆಗೆ ವಿಷ. ಹಸುವಿನಲ್ಲಿ ಈ ಔಷಧಿ ಮಿದುಳಿಗೆ ಹೋಗದಂತೆ ತಡೆಯುವ ವ್ಯವಸ್ಥೆ ಇದೆ, ಆಮೆಯಲ್ಲಿ ಆ ತಡೆ ಸಾಲದು. ಮೊದಲು ಕಾಲುಗಳು ಸೋಲುತ್ತವೆ, ಆಮೇಲೆ ಉಸಿರು ನಿಲ್ಲುತ್ತದೆ. ಇಂಜೆಕ್ಷನ್ನೂ ಬೇಡ, ಬೆನ್ನಿಗೆ ಸುರಿಯುವ ದ್ರಾವಣವೂ ಬೇಡ. ಕೊಟ್ಟಿಗೆಗೆ ಸಿಂಪಡಿಸಿದ ಕೈಯಲ್ಲಿ ಆಮೆ ಮುಟ್ಟುವುದೂ ಬೇಡ.

ಮಾಡಬೇಕಾದದ್ದು ಸಗಣಿ ಪರೀಕ್ಷೆ. ಹಸುವಿನ ಸಗಣಿಯಲ್ಲಿ ಮೊಟ್ಟೆ ಹುಡುಕುವ ಅದೇ ಸೂಕ್ಷ್ಮದರ್ಶಕ, ಅದೇ ವಿಧಾನ. ಹಿಕ್ಕೆ ತಾಜಾ ಇರುವಾಗಲೇ ಸಣ್ಣ ಬಾಟಲಿಯಲ್ಲಿ ಹಾಕಿ ನಿಮ್ಮ ಪಶು ಆಸ್ಪತ್ರೆಗೆ ತಲುಪಿಸಿ. ಹುಳು ಖಚಿತವಾದರೆ ಫೆನ್‌ಬೆಂಡಜೋಲ್ ಇದೆ, ಅದನ್ನೂ ಗ್ರಾಂ ಲೆಕ್ಕದಲ್ಲಿ ಆಮೆಯನ್ನು ತೂಗಿ ವೈದ್ಯರು ಬರೆದುಕೊಡಬೇಕು. ಹೆಚ್ಚಾದರೆ ರಕ್ತಕಣ ಹುಟ್ಟುವುದೇ ಕುಗ್ಗುತ್ತದೆ. ಗದ್ದೆಯ ಬಸವನಹುಳು ತಂದು ತಿನ್ನಿಸುವುದಿದ್ದರೆ ನಿಲ್ಲಿಸಿ, ಹಲವು ಹುಳುಗಳ ಮರಿಗಳು ಅದರೊಳಗೇ ಬೆಳೆಯುತ್ತವೆ.

ನನ್ನ ಮೂರು ವರ್ಷದ ಮಗನಿಗೆ ಜ್ವರ, ಬೇಧಿ. ಮಕ್ಕಳ ಡಾಕ್ಟರು ಮನೆಯಲ್ಲಿ ಆಮೆ ಇದೆಯಾ ಎಂದು ಕೇಳಿದರು. ನಮ್ಮ ಆಮೆ ಆರೋಗ್ಯವಾಗೇ ಇದೆ. ಅದಕ್ಕೂ ಇದಕ್ಕೂ ಏನು ಸಂಬಂಧ?
*ಶಿಕ್ಷಕಿ, ಹಾಸನ*

ಆ ಡಾಕ್ಟರು ಕೇಳಬೇಕಾದ್ದನ್ನೇ ಕೇಳಿದ್ದಾರೆ. ಸಾಲ್ಮೊನೆಲ್ಲಾ ಎಂಬ ಬ್ಯಾಕ್ಟೀರಿಯಾ ಆಮೆಯ ಕರುಳಿನಲ್ಲಿ ಒಕ್ಕಲಿದ್ದರೂ ಆಮೆಗೆ ಏನೂ ಆಗುವುದಿಲ್ಲ, ಚೆನ್ನಾಗಿ ತಿಂದುಂಡು ಓಡಾಡಿಕೊಂಡಿರುತ್ತದೆ. ಹಿಕ್ಕೆಯ ಮೂಲಕ ನೀರಿಗೆ, ನೀರಿನಿಂದ ಚಿಪ್ಪಿಗೆ, ಚಿಪ್ಪಿನಿಂದ ಮಗುವಿನ ಕೈಗೆ, ಕೈಯಿಂದ ಬಾಯಿಗೆ. ಅಮೆರಿಕದಲ್ಲಿ 1975ರಿಂದ ನಾಲ್ಕು ಅಂಗುಲಕ್ಕಿಂತ ಚಿಕ್ಕ ಚಿಪ್ಪಿನ ಆಮೆಗಳನ್ನು ಸಾಕುವುದಕ್ಕಾಗಿ ಮಾರುವುದನ್ನು ನಿಷೇಧಿಸಿರುವುದು ಇದೇ ಕಾರಣಕ್ಕೆ. ಚಿಕ್ಕ ಮಕ್ಕಳು ಚಿಕ್ಕ ಆಮೆಯನ್ನೇ ಬಾಯಿಗಿಡುತ್ತಾರೆ. ನಮ್ಮಲ್ಲಿ ಅಂಗಡಿಗೆ ಬರುವುದು ಆ ಅಳತೆಯ ಮರಿಗಳೇ.

ಆಮೆಗೆ ಆ್ಯಂಟಿಬಯಾಟಿಕ್ ಕೊಟ್ಟು ಇದನ್ನು ತೊಲಗಿಸಲು ಆಗುವುದಿಲ್ಲ. ಕೊಟ್ಟರೆ ಮದ್ದಿಗೆ ಬಗ್ಗದ ತಳಿ ಹುಟ್ಟುತ್ತದೆ. ತೊಟ್ಟಿಯನ್ನು ಅಡುಗೆಮನೆಯ ಸಿಂಕಿನಲ್ಲಿ ತೊಳೆಯಬೇಡಿ, ಆ ನೀರನ್ನು ಗಿಡದ ಬುಡಕ್ಕೆ ಸುರಿಯಿರಿ, ಸೊಪ್ಪಿನ ಮಡಿಗೆ ಮಾತ್ರ ಬೇಡ. ಮುಟ್ಟಿದವರೆಲ್ಲ ಸೋಪು ಹಚ್ಚಿ ಕೈ ತೊಳೆಯಬೇಕು. ಮನೆಯಲ್ಲಿ ಐದು ವರ್ಷದೊಳಗಿನ ಮಗು, ಬಸುರಿ, ವಯಸ್ಸಾದವರು ಇದ್ದರೆ ಆಮೆ ಇನ್ನೊಬ್ಬರ ಮನೆಯಲ್ಲಿರಲಿ ಎಂದೇ ನಾನು ಹೇಳುವುದು. ಮಗುವಿನ ಮಲಪರೀಕ್ಷೆ ಮಾಡಿಸಿ, ಆಮೆ ಇರುವುದನ್ನು ಡಾಕ್ಟರಿಗೆ ಮುಚ್ಚಿಡಬೇಡಿ.

ನಾಲೆಯ ಏರಿಯ ಮೇಲೆ ಒಂದು ಆಮೆ ಸಿಕ್ಕಿದೆ. ಬೆನ್ನು ಮೆತ್ತಗಿದೆ, ಕಾಲು ಒಳಗೆಳೆದುಕೊಂಡರೆ ಚರ್ಮದ ಮುಚ್ಚಳ ಮುಚ್ಚಿಕೊಳ್ಳುತ್ತೆ. ಅನ್ನ ತಿನ್ನಲ್ಲ. ಏನು ಹಾಕಲಿ?
*ಅರಕಲಗೂಡು ತಾಲ್ಲೂಕು*

ಏನೂ ಹಾಕಬೇಡಿ, ಸಿಕ್ಕ ಜಾಗದಲ್ಲೇ ಇವತ್ತೇ ಬಿಡಿ. ಅದು ನಮ್ಮ ಕೆರೆ, ಗದ್ದೆಗಳದ್ದೇ ಆಮೆ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಒಂದನೇ ಪಟ್ಟಿಯಲ್ಲಿದೆ, ಅಂದರೆ ಹುಲಿಗಿರುವ ಪಟ್ಟಿ. ಮನೆಯಲ್ಲಿಟ್ಟುಕೊಂಡರೆ ಜಾಮೀನಿನ ಮಾತಾಗುತ್ತದೆ. ನಕ್ಷತ್ರ ಆಮೆಗೂ ಇದೇ ಮಾತು. ಗಾಯವಾಗಿದ್ದರೆ ಅರಣ್ಯ ಇಲಾಖೆಗೆ ತಿಳಿಸಿ.

ನಮ್ಮ ಸ್ಲೈಡರ್ ಈಗ ಊಟದ ತಟ್ಟೆಯಷ್ಟಾಗಿದೆ. ಎಷ್ಟು ಹಾಕಿದರೂ ಸಾಲದು, ನೀರು ದಿನಾ ಗಬ್ಬು ನಾರುತ್ತೆ. ಪಾಪ, ದೊಡ್ಡ ನೀರಲ್ಲಿ ಸುಖವಾಗಿರಲಿ ಅಂತ ಗೊರೂರಿನ ಹಿನ್ನೀರಿಗೆ ಬಿಡೋಣ ಅಂದುಕೊಂಡಿದ್ದೇವೆ. ರಾಮನಾಥಪುರದಲ್ಲಿ ದೇವರ ಮೀನುಗಳಿರುವ ಕಡೆ ಬಿಟ್ಟರೆ ಪುಣ್ಯ ಅಂತಲೂ ಕೆಲವರು ಹೇಳುತ್ತಾರೆ.
*ಗೊರೂರು*

ಎರಡೂ ಕಡೆ ಬೇಡ. ಈ ಜಾತಿ ಪ್ರಪಂಚದ 100 ಅತಿ ಕೆಟ್ಟ ಆಕ್ರಮಣಕಾರಿ ಜೀವಿಗಳ ಪಟ್ಟಿಯಲ್ಲಿದೆ. ಯುರೋಪಿನ ಒಕ್ಕೂಟ 1997ರಲ್ಲೇ ಇದರ ಆಮದು ನಿಲ್ಲಿಸಿತು. ನೀವೇ ಬರೆದಿದ್ದೀರಿ, ಎಷ್ಟು ಹಾಕಿದರೂ ಸಾಲದು ಎಂದು. ಆ ಹೊಟ್ಟೆಯನ್ನು ಹಿನ್ನೀರಿಗೆ ಬಿಟ್ಟರೆ ಅದು ಮೀನಿನ ಮರಿ, ಕಪ್ಪೆಯ ಮರಿ, ನೀರುಗಿಡ ಎಲ್ಲವನ್ನೂ ತಿಂದು ಮುಗಿಸುತ್ತದೆ, ಬಿಸಿಲು ಕಾಯುವ ಬಂಡೆಯಿಂದ ನಮ್ಮ ಆಮೆಗಳನ್ನು ತಳ್ಳುತ್ತದೆ. 1979ರಲ್ಲಿ ಅಣೆಕಟ್ಟು ಮುಗಿದಾಗಿನಿಂದ ಆ ನೀರನ್ನೇ ನಂಬಿ ಮೀನು ಹಿಡಿಯುವವರು ಅಲ್ಲಿದ್ದಾರೆ. ರಾಮನಾಥಪುರದ ಕಾವೇರಿಯಲ್ಲಿ ಯಾರೂ ಬಲೆ ಹಾಕದ ಮೀನಿನ ಮರಿಗಳನ್ನು ಇದು ತಿನ್ನದೆ ಬಿಡುವುದಿಲ್ಲ. ಪುಣ್ಯದ ಲೆಕ್ಕ ನಿಮಗೇ ಬಿಟ್ಟದ್ದು.

ಗಬ್ಬು ವಾಸನೆಗೆ ಅರ್ಧ ಕಾರಣ ನೀವು ಹಾಕುವ ಊಟದ ಪ್ರಮಾಣ. ತಟ್ಟೆಯಗಲದ ಆಮೆಗೆ ವಾರಕ್ಕೆ ಎರಡು ಸಲ ಮಾಂಸವೋ ಪೆಲೆಟ್ಟೋ ಸಾಕು, ಮಿಕ್ಕ ದಿನ ಅಜೋಲಾ. ಮುಖ ಕಂಡೊಡನೆ ಈಜಿಕೊಂಡು ಬಂದು ಗಾಜು ಕೆರೆಯುವುದು ಹಸಿವಲ್ಲ, ಕಲಿತ ಚಾಳಿ. ಉಳಿದರ್ಧ ಕಾರಣ ಜಾಗ. ಹಿತ್ತಲಿದ್ದರೆ ಗಾಜಿನ ತೊಟ್ಟಿ ಬಿಟ್ಟು ಸಿಮೆಂಟಿನ ತೊಟ್ಟಿ ಕಟ್ಟಿಸಿ. ನಾಲ್ಕಡಿ ಉದ್ದ, ಮೂರಡಿ ಅಗಲ, ಒಂದೂವರೆ ಅಡಿ ನೀರು, ಒಂದು ಮೂಲೆಯಲ್ಲಿ ಇಳಿಜಾರಿನ ಕಲ್ಲು, ತಳದಲ್ಲಿ ನೀರು ಬಿಡುವ ಬಿರಡೆ. ಹೊಸ ಸಿಮೆಂಟಿನ ಕ್ಷಾರ ಹೋಗುವವರೆಗೆ ನೀರು ತುಂಬಿ ಚೆಲ್ಲಿ, ತುಂಬಿ ಚೆಲ್ಲಿ, ಕೆಲವು ವಾರ ಬಿಡಿ. ಈ ಕೊಳಕು ನೀರು ಅಡಿಕೆ, ತೆಂಗಿನ ಬುಡಕ್ಕೆ ಒಳ್ಳೆಯ ಗೊಬ್ಬರ. ಸುತ್ತಲೂ ಎರಡಡಿ ತಡೆಗೋಡೆ, ಮೇಲೆ ಜಾಲರಿ ಇರಲಿ: ಆಮೆ ಗೋಡೆ ಹತ್ತುತ್ತದೆ, ಮುಂಗುಸಿ ಗೋಡೆ ಇಳಿಯುತ್ತದೆ. ಚಳಿಗಾಲಕ್ಕೆ ಮಾತ್ರ ಒಳಗೆ ಟಬ್ಬಿನಲ್ಲಿ ಹೀಟರ್ ಜೊತೆ ಇಟ್ಟುಕೊಂಡು, ಶಿವರಾತ್ರಿ ಕಳೆದ ಮೇಲೆ ಹೊರಗೆ ಬಿಡಿ.